ತಡೆಯಾಜ್ಞೆ ಅರ್ಜಿ ವಜಾ ಆಗಿದೆ, ಮೇಲ್ಮನವಿಗೆ ತಡವಾಗಿದೆ: ಅನುಭವ ಇದ್ದವರು ತಿಳಿಸಿ

ದಾರಿಹಕ್ಕು: ನಮ್ಮ ದಾರಿಗೆ ಅಡ್ಡಲಾಗಿ ಪ್ರತಿವಾದಿಗಳು ಕಟ್ಟಡ ಎಬ್ಬಿಸುತ್ತಿದ್ದಾರೆ. ತಾತ್ಕಾಲಿಕ ಪ್ರತಿಬಂಧಕಾಜ್ಞೆ (ತಡೆಯಾಜ್ಞೆ) ಕೋರಿದ ನಮ್ಮ ಅರ್ಜಿಯನ್ನು ಸಿವಿಲ್ ನ್ಯಾಯಾಲಯ ವಜಾ ಮಾಡಿದೆ. ಜಿಲ್ಲಾ ನ್ಯಾಯಾಲಯಕ್ಕೆ ಹೋಗಲು ಇದ್ದ 30 ದಿನಗಳ ಅವಧಿ ಮೀರಿದೆ. ಈ ತಡ ಎಷ್ಟು ಬಾಧಿಸುತ್ತದೆ?

ಗಡಿಕಲ್ಲು: ವಿಳಂಬ ಮನ್ನಾ ಆದೀತು, ತಡೆಯಾಜ್ಞೆ ಸಿಗುವುದು ಕಷ್ಟ. ನನ್ನ ಹಿಂದಿನ ವಕೀಲರು ಆದೇಶವಾದ ಸಂಗತಿಯನ್ನೇ ತಿಳಿಸಿರಲಿಲ್ಲ. ಮೇಲ್ಮನವಿಯ ಜೊತೆಗೆ ಕಾಲಮಿತಿ ಕಾಯ್ದೆಯ 5ನೇ ಕಲಮಿನಡಿ ವಿಳಂಬ ಮನ್ನಾ ಕೋರುವ ಅರ್ಜಿ ಹಾಕಿದೆವು. ಅದಕ್ಕೇ ಮೊದಲು ನೋಟಿಸು ಹೊರಟಿತು. ಒಬ್ಬ ಎದುರುದಾರರ ನೋಟಿಸು 'ಬಾಗಿಲು ಹಾಕಿದೆ' ಎಂಬ ಷರಾದೊಡನೆ ವಾಪಸು ಬಂದಿತು. ಮತ್ತೆ ಪ್ರೋಸೆಸ್ ಫೀ (ನೋಟಿಸು ಕಳಿಸುವ ಶುಲ್ಕ), ಮತ್ತೆ ಲಕೋಟೆ, ಮತ್ತೆ ನೋಟಿಸು ತಲುಪಿಸುವ ಅಮೀನರ ಹಿಂದೆ ಅಲೆದಾಟ, ಪ್ರತಿ ವಾಯಿದೆಗೂ ವಕೀಲರ ಫೀಜು. ಕೊನೆಗೆ ಎದುರುದಾರರಿಗೆ ಖರ್ಚು ಕೊಡಬೇಕೆಂಬ ಷರತ್ತಿನ ಮೇಲೆ ಮನ್ನಾ ಆಯಿತು. ಅಷ್ಟರಲ್ಲಿ ಪಾಯವಿದ್ದ ಜಾಗದಲ್ಲಿ ಮೋಲ್ಡ್ ಬಿದ್ದಿತ್ತು. ಅಷ್ಟು ತುರ್ತಿದ್ದವರು ಇಷ್ಟು ಕಾಲ ಏಕೆ ಸುಮ್ಮನಿದ್ದಿರಿ ಎಂದು ನ್ಯಾಯಾಲಯ ಕೇಳಿತು. ಯಾರಿಗೆ ಹೆಚ್ಚು ತೊಂದರೆ ಎಂದು ತೂಗುವ ಅನುಕೂಲತೆಯ ತುಲನೆ ಕಟ್ಟಿದವರ ಕಡೆಗೇ ವಾಲಿತು.

ನಕಲುಶಾಖೆ: ಗಡಿಕಲ್ಲು ಅವರು ಸುಮ್ಮನೆ ಹೆದರಿಸುತ್ತಿದ್ದಾರೆ. ಆದೇಶವಾದ ಸಂಜೆಯೇ ನಾನು ದೃಢೀಕೃತ ನಕಲಿಗೆ ಅರ್ಜಿ ಹಾಕಿಸಿದೆ. ಕಾಲಮಿತಿ ಕಾಯ್ದೆಯ 12ನೇ ಕಲಮಿನಂತೆ ನಕಲು ಪಡೆಯಲು ತಗಲಿದ ಸಮಯವನ್ನು ಅವಧಿಯಿಂದ ಕಳೆಯಬೇಕು. ಅರ್ಜಿ ಕೊಟ್ಟ ದಿನ, ನಕಲು ಸಿದ್ಧವಾದ ದಿನ ಎರಡೂ ಹಿಂಬದಿಯ ಮುದ್ರೆಯಲ್ಲೇ ಇರುತ್ತವೆ. ಸಿದ್ಧವಾದ ಮೇಲೂ ತೆಗೆದುಕೊಳ್ಳದೆ ಬಿಟ್ಟರೆ ಆ ದಿನಗಳು ನಿಮ್ಮ ತಲೆಯ ಮೇಲೆಯೇ. ನನಗೆ ಯಥಾಸ್ಥಿತಿ ಆದೇಶ (ಇದ್ದದ್ದನ್ನು ಇದ್ದಂತೆಯೇ ಬಿಡಬೇಕೆಂಬ ಆದೇಶ) ಸಿಕ್ಕಿತು. ಎಚ್ಚರವಾಗಿದ್ದವರಿಗೆ ಸಿಗುತ್ತದೆ.

ಗಡಿಕಲ್ಲು: ಹಾಗಾದರೆ ನಾನು ನಿದ್ದೆ ಮಾಡುತ್ತಿದ್ದೆನೇ? ಪ್ರತಿ ದಿನದ ವಿಳಂಬಕ್ಕೂ ವಿವರಣೆ ಬೇಕೆಂಬ ಮಾತನ್ನು ಅಕ್ಷರಕ್ಕೆ ಅಂಟಿಕೊಂಡು ಹಿಡಿಯಬಾರದೆಂದು 1987ರ ಕಾತಿಜಿ ತೀರ್ಪಿನಲ್ಲಿ ಸುಪ್ರೀಂ ಕೋರ್ಟೇ ಹೇಳಿದೆ, ನನಗೆ ಮನ್ನಾ ಸಿಕ್ಕಿದ್ದೂ ಅದರ ಬಲದಿಂದಲೇ. ಮನ್ನಾ ಬೇರೆ, ತುರ್ತು ಬೇರೆ ಎಂಬುದಷ್ಟೇ ನನ್ನ ಮಾತು. ದಯವಿಟ್ಟು ಪೂರ್ತಿ ಓದಿ ಬರೆಯಿರಿ.

ವಿಚಾರಣೆಮುಗಿಸಿ: ನಾನಂತೂ ಮೇಲ್ಮನವಿಯ ಗೊಡವೆಗೇ ಹೋಗಲಿಲ್ಲ. 1990ರ ವಾಂಡರ್ ತೀರ್ಪಿನ ಪ್ರಕಾರ, ಕೆಳ ನ್ಯಾಯಾಲಯವು ತನ್ನ ವಿವೇಚನೆಯನ್ನು ಮನಬಂದಂತೆ ಅಥವಾ ಸ್ಥಾಪಿತ ತತ್ತ್ವಗಳನ್ನು ಬದಿಗಿಟ್ಟು ಬಳಸಿದ್ದರೆ ಮಾತ್ರ ಮೇಲಿನವರು ಕೈಹಾಕುತ್ತಾರೆ. ಆದ್ದರಿಂದ ಸಾಕ್ಷ್ಯ ಬೇಗ ಆರಂಭಿಸಿ ಎಂದು ಮೂಲ ದಾವೆಯಲ್ಲೇ ಪಟ್ಟು ಹಿಡಿದೆ. ನಡುವೆ ಪ್ರತಿವಾದಿ ಜಮೀನು ಮಾರಿದರೂ ಸ್ವತ್ತು ವರ್ಗಾವಣೆ ಕಾಯ್ದೆಯ 52ನೇ ಕಲಮಿನಿಂದಾಗಿ ಕೊಂಡವರು ಡಿಕ್ರಿಗೆ, ಅಂದರೆ ದಾವೆಯ ಅಂತಿಮ ಆದೇಶಕ್ಕೆ, ತಲೆಬಾಗಬೇಕಾಯಿತು.

ನಕಲುಶಾಖೆ: 52ನೇ ಕಲಮು ಮಾರಾಟಕ್ಕೆ ಅನ್ವಯಿಸುತ್ತದೆ, ಸಿಮೆಂಟ್ ಲಾರಿಯನ್ನು ಅದು ನಿಲ್ಲಿಸುವುದಿಲ್ಲ. ಇವರ ದಾರಿಯಲ್ಲಿ ಕಟ್ಟಡ ಏಳುತ್ತಿರುವಾಗ ಜಮೀನು ಮಾರಾಟದ ಕಥೆ ಏಕೆ?

ವಿಚಾರಣೆಮುಗಿಸಿ: ನನ್ನ ಕೈಯಲ್ಲಿ ಡಿಕ್ರಿ ಇದೆ. ನಿಮ್ಮ ಯಥಾಸ್ಥಿತಿ ಆದೇಶ ಇನ್ನೂ ಜಾರಿಯಲ್ಲಿದೆಯೇ?

ನಕಲುಶಾಖೆ: ಅದನ್ನು ತೆರವುಗೊಳಿಸುವಂತೆ ಎದುರುದಾರರು ಹಾಕಿರುವ ಅರ್ಜಿ ಬಾಕಿಯಿದೆ. ಅದಕ್ಕೂ ಈ ಚರ್ಚೆಗೂ ಸಂಬಂಧವಿಲ್ಲ.

ದಾರಿಹಕ್ಕು: ನಕಲಿಗೆ ನಾವಿನ್ನೂ ಅರ್ಜಿಯನ್ನೇ ಹಾಕಿಲ್ಲ. 30 ದಿನ ಕಳೆದ ಮೇಲೆ ಹಾಕಿದರೂ ಆ ಸಮಯವನ್ನು ಕಳೆಯುತ್ತಾರೆಯೇ?

ಗಡಿಕಲ್ಲು: ಅದನ್ನು ನಕಲುಶಾಖೆಯವರನ್ನೇ ಕೇಳಿ, ಎಚ್ಚರವಾಗಿರುವವರು ಅವರು.