ಮಣ್ಣು ಒದ್ದೆ ಇದ್ದರೂ ಅಡೆನಿಯಂ ಬಾಡುತ್ತಿದೆ, ಬುಡ ಮೆತ್ತಗಾಗಿದೆ

ಮಹಡಿತೋಟ (ಕುವೆಂಪುನಗರ, ಮೈಸೂರು):
ಎಲ್ಲರಿಗೂ ನಮಸ್ಕಾರ. ತಾರಸಿಯಲ್ಲಿರುವ ಅಡೆನಿಯಂ (ದಪ್ಪ ಬುಡದ, ಒಣನಾಡಿನ ಹೂಗಿಡ) ಬೇಸಿಗೆಯಲ್ಲಿ ಮೈತುಂಬ ಹೂ ಬಿಟ್ಟಿತ್ತು. ದಸರೆಯ ಹೊತ್ತಿಗೆ ಮಳೆ ಹಿಡಿದ ಮೇಲೆ ಕೆಳಗಿನ ಎಲೆಗಳು ಹಳದಿಯಾಗಿ ಉದುರಿದವು, ಮೇಲಿನವು ಜೋತುಬಿದ್ದಿವೆ. ನೀರು ಹಾಕಿದಷ್ಟೂ ಬಾಡುತ್ತಿದೆ. ಬುಡದ ಒಂದು ಪಕ್ಕ ಒತ್ತಿದರೆ ಬೆರಳು ಒಳಕ್ಕೆ ಇಳಿಯುತ್ತದೆ. ನರ್ಸರಿಯವರು ಕೊಟ್ಟ ತೆಂಗಿನ ನಾರಿನ ಪುಡಿಯಲ್ಲೇ ಇದೆ. ಪಕ್ಕದಲ್ಲಿರುವ ಲೋಳೆಸರ ಅದೇ ಮಳೆಯಲ್ಲಿ ನೆನೆದೂ ಗಟ್ಟಿಯಾಗಿದೆ. ಒಣನಾಡಿನ ಗಿಡಕ್ಕೆ ನೀರು ಆಗಿಬರುವುದಿಲ್ಲ ಎನ್ನುವುದಾದರೆ ಅದಕ್ಕೇಕೆ ಏನೂ ಆಗಿಲ್ಲ?

ಹಿತ್ತಿಲು (ಶ್ರೀರಂಗಪಟ್ಟಣ):
ಗಾಬರಿ ಬೇಡ ಮೇಡಂ. ನಮ್ಮ ಮನೆಯದೂ ಪ್ರತಿ ಚಳಿಗಾಲ ಎಲೆ ಉದುರಿಸಿ ಬೋಳಾಗುತ್ತದೆ, ಫೆಬ್ರುವರಿ ಕಳೆದ ಮೇಲೆ ಚಿಗುರುತ್ತದೆ. ನೀರು ನಿಲ್ಲಿಸಿ ಸುಮ್ಮನಿರಿ.

ಕಲ್ಲುನೆಲ (ಮಂಡ್ಯ):
ಹಿತ್ತಿಲು ಅವರು ಹೇಳುವುದು ನಿದ್ರೆಗೆ ಹೋದ ಗಿಡದ ಮಾತು. ಅಂಥ ಗಿಡದ ಬುಡ ಕಲ್ಲಿನಂತೆ ಗಟ್ಟಿ ಇರುತ್ತದೆ. ತುಸು ಸುಕ್ಕುಗಟ್ಟಬಹುದು, ಆದರೆ ಬೆರಳು ಇಳಿಯುವುದಿಲ್ಲ. ಇಲ್ಲಿ ಕೊಳೆ ಶುರುವಾಗಿದೆ. ಒದ್ದೆ ಮಣ್ಣಿನಲ್ಲಿ ನಿಂತು ಬಾಡುವ ಗಿಡಕ್ಕೆ ಕೊರತೆ ನೀರಿನದಲ್ಲ, ನೀರು ಹೀರುವ ಬೇರಿನದು. ಇವತ್ತೇ ಕಿತ್ತು ನೋಡಿ.

ಕೈಗವಸು ಹಾಕಿಕೊಳ್ಳಿ. ಅಡೆನಿಯಂ ನಮ್ಮ ಕಣಗಿಲೆಯ ಕುಟುಂಬದ್ದು, ರಸ ವಿಷ. ಆಫ್ರಿಕಾದಲ್ಲಿ ಬೇಟೆಯ ಬಾಣಗಳಿಗೆ ಅದನ್ನೇ ಸವರುತ್ತಿದ್ದರು. ಬೇರನ್ನು ತೊಳೆದು, ಕಂದು ಬಣ್ಣದ ಭಾಗವನ್ನೆಲ್ಲ ಚೂಪಾದ ಚಾಕುವಿನಿಂದ ಕೆತ್ತಿ ತೆಗೆಯಿರಿ. ಪ್ರತಿ ಸಲ ಕೊಯ್ದ ಮೇಲೆ ಚಾಕುವನ್ನು ಸ್ಪಿರಿಟ್‌ನಲ್ಲಿ ಒರೆಸಬೇಕು. ಒಳಗೆ ಎಲ್ಲೂ ಕಂದು ಚುಕ್ಕೆ ಉಳಿಯಬಾರದು. ಕೊಯ್ದ ಜಾಗಕ್ಕೆ ಶಿಲೀಂಧ್ರನಾಶಕ ಪುಡಿ ಸವರಿ, ಗಾಳಿಯಾಡುವ ನೆರಳಿನಲ್ಲಿ ತಲೆಕೆಳಗಾಗಿ ತೂಗುಹಾಕಿ. ಗಾಯ ಒಣಗಿ ಹಕ್ಕಳೆ ಕಟ್ಟುವವರೆಗೆ ಮಣ್ಣಿಗಿಡುವ ಮಾತೇ ಇಲ್ಲ.

ಲೋಳೆಸರ ಯಾವ ಮಣ್ಣಿನಲ್ಲಿದೆ?

ಮಹಡಿತೋಟ:
ಕೆಮ್ಮಣ್ಣು, ಅರ್ಧಕ್ಕರ್ಧ ಇಟ್ಟಿಗೆ ಚೂರು. ಕುಂಡವೂ ಮಣ್ಣಿನದೇ.

ಅಡೆನಿಯಂ ಕಿತ್ತೆ. ಸಣ್ಣ ಬೇರುಗಳು ಸಿಪ್ಪೆ ಮಾತ್ರ ಉಳಿದು ಕೈಗೆ ಜಾರಿ ಬಂದವು, ಹುಳಿ ವಾಸನೆ ಬೇರೆ. ಕೆತ್ತುತ್ತಾ ಹೋಗಿ ಈಗ ಬಿಳಿ ತಿರುಳು ಕಾಣುತ್ತಿದೆ. ಬೇರೂ ಇಲ್ಲ, ಎಲೆಯೂ ಇಲ್ಲ. ಇದು ಬದುಕುತ್ತದೆಯೇ?

ಕಲ್ಲುನೆಲ:
ತೊಗಟೆಯನ್ನು ಉಗುರಿನಿಂದ ಸ್ವಲ್ಪ ಕೆರೆದು ನೋಡಿ. ಅಡಿಯಲ್ಲಿ ಹಸಿರು ಕಂಡರೆ ಜೀವವಿದೆ. ಆ ದಪ್ಪ ಬುಡ ಇರುವುದೇ ಇಂಥ ಕಾಲಕ್ಕೆ: ನೀರು, ಆಹಾರ ಎರಡೂ ಅಲ್ಲಿ ಸಂಗ್ರಹವಾಗಿರುತ್ತವೆ. ಸಹಾರಾದ ದಕ್ಷಿಣದ ಅಂಚಿನಲ್ಲಿ, ಅರೇಬಿಯಾದಲ್ಲಿ ಮಳೆಯಿಲ್ಲದ ತಿಂಗಳುಗಳನ್ನು ಅದು ಹೀಗೇ ಬೋಳಾಗಿ ಕಳೆಯುತ್ತದೆ. ಬೇರು ಕಳೆದುಕೊಳ್ಳುವುದೂ ಒಣನಾಡಿನ ಎಲ್ಲ ಗಿಡಗಳಿಗೆ ಅಪಾಯವಲ್ಲ. ಕತ್ತಾಳೆ, ಕಳ್ಳಿಗಳು ಬರದಲ್ಲಿ ಸಣ್ಣ ಬೇರುಗಳನ್ನು ಒಣಗಲು ಬಿಟ್ಟು, ಮಳೆ ಬಿದ್ದ ಕೂಡಲೇ ಹೊಸದನ್ನು ಬಿಡುತ್ತವೆ. ಒಣಗಿದ ಬೇರು ಹೊಸದಾಗಿ ಬರುತ್ತದೆ, ಕೊಳೆತದ್ದು ಮಾತ್ರ ಮೇಲಕ್ಕೆ ಹತ್ತುತ್ತದೆ.

ಇನ್ನು ನೀರು ಆಗಿಬರುವುದಿಲ್ಲ ಎನ್ನುವ ಮಾತು. ಅದು ತಪ್ಪು ತಿಳಿವಳಿಕೆ. ಇವು ಸಿಕ್ಕ ನೀರನ್ನು ಗಟಗಟನೆ ಕುಡಿಯುವ ಗಿಡಗಳೇ, ಖರ್ಚಿನಲ್ಲಿ ಮಾತ್ರ ಜಿಪುಣ. ಲೋಳೆಸರ ಹಗಲಿಡೀ ಪತ್ರರಂಧ್ರಗಳನ್ನು (ಎಲೆಯ ಮೇಲಿನ ಸೂಕ್ಷ್ಮ ತೂತುಗಳನ್ನು) ಮುಚ್ಚಿಕೊಂಡು, ತಂಪಾದ ರಾತ್ರಿಯಲ್ಲಿ ತೆರೆದು ಇಂಗಾಲದ ಡೈಆಕ್ಸೈಡ್ ಎಳೆದುಕೊಳ್ಳುತ್ತದೆ. ಮ್ಯಾಲಿಕ್ ಆಮ್ಲವಾಗಿ ಕೂಡಿಟ್ಟು ಹಗಲು ಬಳಸುತ್ತದೆ. ಕಾಡುಬಸಳೆಯದೂ ಇದೇ ಕ್ರಮ. ಅದರ ಎಲೆ ಬೆಳಿಗ್ಗೆ ಹುಳಿ, ಹೊತ್ತೇರಿದಂತೆ ಸಪ್ಪೆ ಎಂದು 1813ರಲ್ಲೇ ಬರೆದವನು ಬೆಂಜಮಿನ್ ಹೇಯ್ನ್. ಬ್ರಿಟಿಷ್ ಅಧಿಕಾರಿ ಕಾಲಿನ್ ಮೆಕೆಂಜಿ ನಡೆಸಿದ ಮೈಸೂರು ಸರ್ವೇಕ್ಷಣೆಯಲ್ಲಿ ಸಸ್ಯಶಾಸ್ತ್ರಜ್ಞನಾಗಿದ್ದವನು, ನಮ್ಮ ಸೀಮೆಗೆ ಪರಕೀಯನಲ್ಲ.

ಟೊಮೆಟೊ ಗಿಡವಾದರೆ ಒಂದು ಬಿಸಿಲಿಗೆ ಕುಂಡದ ನೀರನ್ನು ತಾನೇ ಎಲೆಗಳಿಂದ ಆವಿಮಾಡಿ ಮಣ್ಣನ್ನು ಒಣಗಿಸುತ್ತದೆ. ಈ ಜಿಪುಣರು ಹಾಗೆ ಮಾಡುವುದಿಲ್ಲ. ಎಲೆ ಉದುರಿಸಿದ ಅಡೆನಿಯಂ ಅಂತೂ ಹೆಚ್ಚುಕಡಿಮೆ ಏನನ್ನೂ ಹೀರುವುದಿಲ್ಲ. ನಾರಿನ ಪುಡಿ ನೀರನ್ನು ಹಿಡಿದುಕೊಂಡೇ ಇರುತ್ತದೆ, ಬೇರಿಗೆ ಗಾಳಿ ಸಿಗದೆ ಕೊಳೆರೋಗ ಹತ್ತುತ್ತದೆ. ನಿಮ್ಮ ಲೋಳೆಸರದ ಕುಂಡ ಮಾತ್ರ ತಾನಾಗಿಯೇ ಬಸಿದು ಒಣಗಿತು.

ಹಿತ್ತಿಲು:
ಒಪ್ಪಿದೆ ಸರ್. ನಮ್ಮದು ಸಿಮೆಂಟ್ ಶೀಟಿನ ಕೆಳಗಿದೆ, ಅದಕ್ಕೇ ಬದುಕಿರಬೇಕು.

ಮಹಡಿತೋಟ:
ಕೆರೆದು ನೋಡಿದೆ, ಹಸಿರಿದೆ! ಮತ್ತೆ ನೆಡುವಾಗ ಮನೆ ಕಟ್ಟಿ ಉಳಿದ ಎಂ-ಸ್ಯಾಂಡ್ ಹಾಕಬಹುದೇ?

ಕಲ್ಲುನೆಲ:
ಹಾಗೆಯೇ ಹಾಕಬೇಡಿ, ಅದರ ನುಣುಪು ಪುಡಿ ಸಿಮೆಂಟಿನಂತೆ ಕಚ್ಚಿಕೊಳ್ಳುತ್ತದೆ. ಜರಡಿ ಹಿಡಿದು, ದಪ್ಪ ಹರಳನ್ನು ತೊಳೆದು ಬಳಸಿ. ಅದಕ್ಕೆ ಇಟ್ಟಿಗೆ ಚೂರು, ಒಂದು ಹಿಡಿ ಹಳೆಯ ಕೊಟ್ಟಿಗೆ ಗೊಬ್ಬರ ಸಾಕು. ಬುಡವನ್ನು ಆಳಕ್ಕೆ ಹೂಳದೆ ಮೇಲೆಯೇ ಕೂರಿಸಿ. ಚಿಗುರು ಕಾಣುವವರೆಗೆ ನೀರು ಹನಿಸಿದಷ್ಟೇ ಇರಲಿ. ಕುಂಡದ ಕೆಳಗಿನ ತಟ್ಟೆಯನ್ನು ತೆಗೆದುಬಿಡಿ.