ಪದಚರ್ಚೆ: ‘ಕಸ್ಟಮ್’ ಪಿಸ್ತೂಲು, ‘ಗನ್‌ಸ್ಮಿತ್’ – ಕನ್ನಡದಲ್ಲಿ ಏನನ್ನಬಹುದು? (ತುರ್ತು)

ಬದಿಯಡ್ಕದಿಂದ:

ಎಲ್ಲರಿಗೂ ನಮಸ್ಕಾರ. ನಮ್ಮ ವಾಚನಾಲಯದಲ್ಲಿ ಶೂಟಿಂಗ್ ಕ್ರೀಡೆಯ ಚಿತ್ರಪ್ರದರ್ಶನ ಇದೆ. ಮಲಯಾಳದ ಫಲಕ ತಯಾರಾಗಿದೆ. ಕನ್ನಡದ್ದು ನಾಳೆ ಸಂಜೆಯೊಳಗೆ ಅಚ್ಚಿಗೆ ಹೋಗಬೇಕು. ಯಾರೋ ಯಂತ್ರಕ್ಕೆ ಹಾಕಿ ತೆಗೆದ ಕನ್ನಡ ನನ್ನ ಕೈಗೆ ಬಂದಿದೆ. ಅದರಲ್ಲಿ ಕಸ್ಟಮ್ ಪಿಸ್ತೂಲು ‘ಸಂಪ್ರದಾಯದ ಪಿಸ್ತೂಲು’ ಆಗಿದೆ. ಮ್ಯಾಚ್ ಬ್ಯಾರೆಲ್, ಅಂದರೆ ಪಂದ್ಯದ ನಳಿಗೆ, ‘ಬೆಂಕಿಕಡ್ಡಿ ಪೀಪಾಯಿ’. ಮ್ಯಾಗಜೀನ್ ಏನಾಗಿದೆ ಅಂತ ನೀವೇ ಊಹಿಸಿ.

ಚಿತ್ರದಲ್ಲಿರುವುದು ಜಾನ್ ಬ್ರೌನಿಂಗ್ ರೂಪಿಸಿದ ಮಾದರಿ, 1911ರಲ್ಲಿ ಅಮೆರಿಕದ ಸೇನೆ ಒಪ್ಪಿಕೊಂಡದ್ದು. ಒಬ್ಬ ಸ್ಪರ್ಧಿಗಾಗಿ ಅದನ್ನು ಕೈಯಲ್ಲಿ ತಿದ್ದಿ ಜೋಡಿಸಿದ್ದಾರೆ. ಬೇಕಾದ ಪದಗಳು: ಕಸ್ಟಮ್, ಗನ್‌ಸ್ಮಿತ್ (ಹೀಗೆ ತಿದ್ದಿ ಜೋಡಿಸುವವ), ಟ್ರಿಗರ್.

ಕುಂಬಳೆಯಿಂದ:

ಕೈಗೋವಿ. ಪಿಸ್ತೂಲು ಕನ್ನಡವಲ್ಲ. ಮುಗಿಯಿತು.

ಪೆರ್ಲದಿಂದ:

ಮುಗಿಯಲಿಲ್ಲ ಮಾಷ್ಟ್ರೇ. ಕೈಗೋವಿ ಅಂದರೆ ರಿವಾಲ್ವರೂ ಬಂತು. ಅವರು ಕೇಳಿದ್ದು ಅದನ್ನಲ್ಲ ಕೂಡ.

ಕೆಲಸ ಏನೆಂದು ನೋಡಿ ಪದ ಹುಡುಕೋಣ. ಸೇನೆಗೆ ಮಾಡಿದ ಪಿಸ್ತೂಲಿನ ಭಾಗಗಳು ಸ್ವಲ್ಪ ಸಡಿಲವೇ ಇರುತ್ತವೆ. ಕೆಸರು, ಧೂಳು ಹೊಕ್ಕರೂ ಓಡಬೇಕಲ್ವಾ? ಪಂದ್ಯದ್ದು ಹಾಗಲ್ಲ. ಮೇಲಿನ ಸ್ಲೈಡ್ ಕೆಳಗಿನ ಹಳಿಯ ಮೇಲೆ ಚೂರೂ ಅಲ್ಲಾಡದೆ ಜಾರಬೇಕು. ನಡುವೆ ಮಸೆಯುವ ಪೇಸ್ಟ್ ಹಚ್ಚಿ, ಹಿಂದೆ ಮುಂದೆ ಜಾರಿಸಿ ಜಾರಿಸಿ ಕೂರಿಸುತ್ತಾರೆ. ನಳಿಗೆಯನ್ನು ಬೇಕೆಂದೇ ಒಂಚೂರು ದಪ್ಪದ್ದು ತರಿಸುತ್ತಾರೆ. ಮಸಿ ಬಳಿದು ಒಳಗೆ ಕೂರಿಸಿ, ಎಲ್ಲಿ ತಾಗಿತು ನೋಡಿ, ಅಲ್ಲಿ ಮಾತ್ರ ಅರ ಆಡಿಸುತ್ತಾರೆ. ಮತ್ತೆ ಕೂರಿಸಿ ನೋಡುತ್ತಾರೆ. ಪ್ರತಿ ಈಡಿಗೂ ನಳಿಗೆ ಅದೇ ಜಾಗಕ್ಕೆ ಬಂದು ಕಚ್ಚಿಕೊಂಡರೆ ಗುಂಡುಗಳು ಹತ್ತಿರ ಹತ್ತಿರ ಬೀಳುತ್ತವೆ. ಒಂದೆರಡು ಸಲ ಜಾಸ್ತಿ ಉಜ್ಜಿದರೆ ನಳಿಗೆ ಗುಜರಿಗೆ. ಇದನ್ನು ಮಾಡುವವನಿಗೆ ‘ತಯಾರಕ’ ಅಂತ ಬರೆದರೆ ಕಾರ್ಖಾನೆಯ ಧಣಿ ಅಂದುಕೊಳ್ಳುತ್ತಾರೆ. ಇದು ಆಚಾರಿ ಕೆಲಸ. ‘ಕೋವಿ ಆಚಾರಿ’ ಅನ್ನಿ.

ಕಸ್ಟಮ್‌ಗೆ ‘ಹೇಳಿ ಮಾಡಿಸಿದ’ ಇದೆಯಲ್ಲ, ಅದಕ್ಕಿಂತ ಒಳ್ಳೆಯದು ಬೇಕಾ?

ಟ್ರಿಗರಿಗೆ ‘ಕುದುರೆ’ ಅಂತ ಬರೆಯುವವರಿದ್ದಾರೆ. ದಯವಿಟ್ಟು ಬೇಡ. ಕುದುರೆ ಎಂದರೆ ಹಿಂದೆ ಎದ್ದು ನಿಂತು ಬಡಿಯುವುದು, ಬೆರಳಿಡುವುದು ಬೇರೆ. ಕುದುರೆಯ ಕೊಕ್ಕೆಯನ್ನು ಒಂದು ಸಣ್ಣ ಉಕ್ಕಿನ ತುಂಡು ಹಿಡಿದಿಟ್ಟಿರುತ್ತದೆ. ಅವೆರಡೂ ತಾಗುವ ಅಂಚನ್ನು ಸಾಣೆಕಲ್ಲಿನಲ್ಲಿ ನಯ ಮಾಡಿದರೆ ಟ್ರಿಗರ್ ಹಗುರವಾಗುತ್ತದೆ, ತಟ್ಟನೆ ಬಿಡುತ್ತದೆ. ಅತಿಯಾದರೆ ಬೆರಳು ಇಡದೆಯೇ ಗುಂಡು ಹಾರೀತು. ಎರಡಕ್ಕೂ ಒಂದೇ ಪದ ಹಾಕಿದರೆ ಓದಿದವರಿಗೆ ಏನು ತಿಳಿದೀತು?

ಮಂಜೇಶ್ವರದಿಂದ:

ಕುಂಬಳೆಯವರಿಗೆ: ಕೋವಿ ಅಚ್ಚಕನ್ನಡ, ಒಪ್ಪಿದೆ. ಆದರೆ ಅದು ಮೊದಲು ಬರೀ ಕೊಳವೆ. ಪಿಳ್ಳಂಗೋವಿ ನೆನಪಿಸಿಕೊಳ್ಳಿ, ತೆಲುಗಿನ ಪಿಲ್ಲನಗ್ರೋವಿ ಕೂಡ. ತುಪಾಕಿ ತುರ್ಕಿ ಕಡೆಯಲ್ಲಿ ಮೊದಲು ಊದುಗೊಳವೆ. ಪಿಸ್ತೂಲಿನ ಬೇರು ಚೆಕ್ ಭಾಷೆಯ ‘ಪೀಶ್ತಾಲ’, ಅದೂ ಪೀಪಿಯೇ. ಇಟಲಿಯ ಪಿಸ್ತೋಯ ಎಂಬ ಊರಿನಿಂದ ಬಂತು ಅನ್ನುವವರಿದ್ದಾರೆ, ನನಗೆ ನಂಬಿಕೆಯಿಲ್ಲ. ಮೂರೂ ಕೊಳವೆಗಳೇ ಆದ ಮೇಲೆ ಒಂದಕ್ಕೆ ಮಾತ್ರ ಯಾಕೆ ಮಡಿ? ಬಂದೂಕು ಬೇರೆ ಸಂತತಿ, ಅರಬಿಯ ‘ಬುಂದುಕ್’ ಎಂಬ ಕಾಯಿಯಿಂದ ಬಂದದ್ದು.

ನಮ್ಮಲ್ಲಿ ಕೋವಿಗೆ ‘ಬೆಡಿ’ ಅನ್ನುವುದೂ ಇದೆ. ಆದರೆ ‘ಪಂದ್ಯದ ಬೆಡಿ’ ಅಂತ ಬರೆದರೆ ಜನ ಕುಂಬಳೆ ಜಾತ್ರೆಯ ಬೆಡಿ, ಅಂದರೆ ಸಿಡಿಮದ್ದು, ಎಂದುಕೊಂಡು ಮಕ್ಕಳನ್ನು ಕಟ್ಟಿಕೊಂಡು ಬಂದಾರು.

ಕುಂಬಳೆಯಿಂದ:

ಆಚಾರಿ ಜಾತಿಯ ಹೆಸರೂ ಹೌದು. ಫಲಕದಲ್ಲಿ ಬೇಡ. ‘ಹೇಳಿ ಮಾಡಿಸಿದ’ ಎಂದರೆ ಚೆನ್ನಾಗಿ ಒಪ್ಪುವಂಥದ್ದು ಎಂಬ ಅರ್ಥವೂ ಇದೆ. ಎರಡರ್ಥದ ಮಾತು ಫಲಕಕ್ಕೆ ಆಗದು.

ಪೆರ್ಲದಿಂದ:

ಪಿಸ್ತೂಲು ಆ ಸ್ಪರ್ಧಿಯ ಕೈಗೆ ಒಪ್ಪಲೆಂದೇ ಮಾಡಿಸಿದ್ದು. ಎರಡರ್ಥವೂ ಸರಿಯೇ ಇದೆ, ಸುಮ್ನೆ ಬಿಡಿ. ನಮ್ಮಲ್ಲಿ ಆಚಾರಿ ಅನ್ನುವುದು ಕೆಲಸ ನೋಡಿ. ಚುನಾವಣೆ ಬಂದಾಗಲೆಲ್ಲ ಠಾಣೆಗೆ ಒಪ್ಪಿಸಿ ಬರುವ ನನ್ನ ಕೇಪಿನ ಕೋವಿಯನ್ನು ರಿಪೇರಿ ಮಾಡಿದವರನ್ನು ನಾನು ಬೇರೆ ಹೆಸರಲ್ಲಿ ಕರೆದದ್ದಿಲ್ಲ. ಬೇಡವಾದರೆ ‘ಕೋವಿ ಕಮ್ಮಾರ’ ಆಗಲಿ.

ನೀರ್ಚಾಲಿನಿಂದ:

ಟ್ರಿಗರಿಗೆ ಮಲಯಾಳದಲ್ಲಿ ‘ಕಾಂಚಿ’ ಇದೆ. ಗಿಡ್ಡ ಪದ. ತಗೊಂಡರೆ ಏನು?

ಕುಂಬಳೆಯಿಂದ:

1956ರಲ್ಲಿ ಕಾಸರಗೋಡು ಕೇರಳಕ್ಕೆ ಸೇರಿದಂದಿನಿಂದ ಇಲ್ಲಿ ಬೋರ್ಡುಗಳಲ್ಲಿ ಕನ್ನಡ ಉಳಿಸಲು ಹೆಣಗುತ್ತಿದ್ದೇವೆ. ಈಗ ಕನ್ನಡ ಫಲಕದೊಳಗೂ ಮಲಯಾಳವನ್ನು ನಾವೇ ಕರೆದು ಕೂರಿಸಬೇಕೇ?

ನೀರ್ಚಾಲಿನಿಂದ:

ಇಂಗ್ಲಿಷಿನಿಂದ ತಂದರೆ ಮಡಿ, ಪಕ್ಕದ ಮನೆಯಿಂದ ತಂದರೆ ಮೈಲಿಗೆಯಾ? ಸಂತೆಯಲ್ಲಿ ಅರ್ಧ ಮಲಯಾಳ ಮಾತಾಡಿ ಮನೆಗೆ ಬಂದು ಶುದ್ಧಿ ಮಾಡಿಕೊಳ್ಳುವವರು ನಾವು.

ಮಂಜೇಶ್ವರದಿಂದ:

ಮಾಷ್ಟ್ರೇ, ‘ಬೋರ್ಡು’ ಯಾವ ಕನ್ನಡ?

ಬದಿಯಡ್ಕದಿಂದ:

ಜಗಳ ಮುಂದುವರಿಸಿ, ನನಗೆ ಹೊತ್ತಾಯಿತು. ಹೀಗೆ ಅಚ್ಚಿಗೆ ಕೊಟ್ಟಿದ್ದೇನೆ:

‘ಪಂದ್ಯಕ್ಕೆಂದೇ ಹೇಳಿ ಮಾಡಿಸಿದ ಪಿಸ್ತೂಲು. ನಳಿಗೆಯನ್ನೂ ಸ್ಲೈಡನ್ನೂ ಕೋವಿ ಕಮ್ಮಾರ ಕೈಯಲ್ಲೇ ಮಸೆದು ಕೂರಿಸಿದ್ದಾನೆ. ಕುದುರೆಯ ಕೊಕ್ಕೆ ನಯ ಮಾಡಿದ್ದರಿಂದ ಟ್ರಿಗರ್ ಬೆರಳಿಗೆ ಹಗುರ.’

ಪೆರ್ಲದ ಅಣ್ಣನಿಗೆ ವಿಶೇಷ ಧನ್ಯವಾದ.

ಕುಂಬಳೆಯಿಂದ:

‘ಸ್ಲೈಡ್’ ಯಾಕೆ ಹಾಗೇ ಬಿಟ್ಟಿರಿ? ‘ಜಾರುಗ’ ಅನ್ನಬಹುದಿತ್ತು.