ಮನಿ ಗ್ರೂಪಿನ್ಯಾಗ ಇರಾಕ್ ಯುದ್ಧದ ಗದ್ದಲ

ಶಿವು: ಫಾರ್ವರ್ಡ್ ಬಂದದ ನೋಡ್ರಿ 👇
"ಅಮೆರಿಕಾ ಸರ್ಕಾರದ ಪ್ರಕಟಣೆ: ಇರಾಕ್ ಯುದ್ಧಕ್ಕೆ ಹೇಳಿದ್ದ ಹಳೇ ಕಾರಣ ರದ್ದಾಗಿದೆ. ಹೊಸ ಕಾರಣ ಸೋಮವಾರ ತಿಳಿಸಲಾಗುವುದು. ಯುದ್ಧ ಎಂದಿನಂತೆ ನಡೆಯಲಿದೆ."

ಸಿದ್ದಣ್ಣ ಕಾಕಾ: ನಾ ಅವಾಗಿಂದ ಹೇಳ್ಲಾಕತ್ತೀನಿ, ಈಗ ಅವರ್ ಸರ್ಕಾರನೇ ಒಪ್ಕೊಂಡದ. ಎಲ್ಲರಿಗೂ ಕಳಸ್ರಿ 🙏

ಸುನೀತಾ: ಕಾಕಾ ಅದು ಜೋಕ್ ಅದರಿ, ಪೂರಾ ಓದ್ರಿ. ಶಿವು, ಸೋರ್ಸ್ ಎಲ್ಲದ?

ಸಿದ್ದಣ್ಣ ಕಾಕಾ: ಬೆಂಗಳೂರಿಗಿ ಹೋಗಿ ಸೋರ್ಸ್ ಕೇಳೋದೊಂದ್ ಕಲ್ತೀದಿ. ಹಿರ್ಯಾರು ಹೇಳಿದ್ರ ಸುಮ್ಕ ಕೇಳ್ಬೇಕು.

ಸುನೀತಾ: ಜೋಕ್ ಹೋಗ್ಲಿ, ಖರೇ ನಡದದ್ದು ಇದಕ್ಕೂ ಕೆಟ್ಟ ಅದ. 2003 ಫೆಬ್ರವರಿ 5ಕ್ಕ ಅವಾಗಿನ ಅಮೆರಿಕಾ ವಿದೇಶಾಂಗ ಮಂತ್ರಿ ಕಾಲಿನ್ ಪೊವೆಲ್ ವಿಶ್ವಸಂಸ್ಥೆ ಭದ್ರತಾ ಮಂಡಳಿಯೊಳಗ ಸಣ್ಣ ಸೀಸಾ ಎತ್ತಿ ಹಿಡದು ಆಂಥ್ರಾಕ್ಸ್ ಅನ್ನೋ ಜೀವ ತೆಗಿಯೋ ರೋಗಾಣು ಬಗ್ಗೆ ಹೆದರ್ಸಿದ್ರು, ಇರಾಕ್ ಅಧ್ಯಕ್ಷ ಸದ್ದಾಂ ಹತ್ರ ಸಾಮೂಹಿಕ ನಾಶದ ಅಸ್ತ್ರ ಅವ ಅಂತ ಮಾರ್ಚ್ 20ಕ್ಕ ದಾಳಿ ಆಯ್ತು, ಹುಡುಕಿದ್ರು ಸಿಗಲಿಲ್ಲ, 2004 ಅಕ್ಟೋಬರದಾಗ ಅಸ್ತ್ರ ಹುಡುಕ್ಲಾಕ ಅಮೆರಿಕಾನೇ ಕಳಿಸಿದ ಡುಯೆಲ್ಫರ್ ತಂಡ ಯುದ್ಧದ ಹೊತ್ತಿಗಿ ಅಂಥ ದಾಸ್ತಾನು ಇರಲೇ ಇಲ್ಲ ಅಂತ ಬರದು ಕೊಟ್ಟಿತು. ಸದ್ದಾಂಗ ಅಲ್ ಖೈದಾ ನಂಟು ಅದ ಅಂದಿದ್ರು, ಕೂಡಿ ಕೆಲಸ ಮಾಡಿದ್ದಕ್ಕ ಪುರಾವೆ ಇಲ್ಲ ಅಂತ 2001ರ ಅಮೆರಿಕಾ ದಾಳಿ ತನಿಖೆ ಮಾಡಿದ 9/11 ಆಯೋಗ ಹೇಳ್ತು. ಅಷ್ಟೊತ್ತಿಗಿ ಪ್ರಜಾಪ್ರಭುತ್ವ ತರ್ಲಾಕ ಬಂದೀವಿ ಅನ್ನೋದು ಜೋರಾಯ್ತು. ಸತ್ತ ಇರಾಕಿ ಮಂದಿ ಮನಿಯವ್ರಿಗಿ ಇದ್ರಾಗ ಯಾವ ಕಾರಣ ಹೇಳ್ಬೇಕು?

ರೇವಣ್ಣ: ಅದೇ ವಾರ ವರ್ಲ್ಡ್ ಕಪ್ ಫೈನಲ್ ಇತ್ತಲಾ, ಮಾರ್ಚ್ 23! ಶಹಾಬಜಾರ್ ಮನ್ಯಾಗ ಎಲ್ಲರೂ ಟಿವಿ ಮುಂದ, ಮುತ್ಯಾ ನ್ಯೂಸ್ ಹಚ್ರಿ ನ್ಯೂಸ್ ಹಚ್ರಿ ಅಂತಿದ್ದ, ಸಚಿನ್ ಮೊದಲ್ನೇ ಓವರಿಗೇ ಹೋದ, ಅತ್ತಿ ಸಿಟ್ಟಿಗಿ ಟಿವಿ ಬಂದ್ ಮಾಡಿದ್ರು, ಸುಸಲಾ ತಾಟಿನ್ಯಾಗೇ ಉಳೀತು

ಮಹಾದೇವಿ ಅತ್ತಿ: ನಾ ಎಲ್ಲಿ ಬಂದ್ ಮಾಡೀನೋ? ಕರೆಂಟ್ ಹೋಗಿತ್ತು.

ಶಿವು: ಕರೆಂಟ್ ಇತ್ತು ಅತ್ತಿ 😄

ಸಿದ್ದಣ್ಣ ಕಾಕಾ: ಮ್ಯಾಚ್ ಬಿಡ್ರಿ. ದೊಡ್ಡ ಕುರ್ಚಿ ಮ್ಯಾಲ ಕುಂತವ್ರು ಮಾತು ಬದಲಿಸ್ಬಾರದು. ಇದು ಸಂಸ್ಕಾರದ ಮಾತು.

ಸುನೀತಾ: ಹಂಗಾದ್ರ ಆಳಂದ ರೋಡಿನ ತೊಗರಿ ಹೊಲದ್ದೂ ಹೇಳ್ರಿ. ಮೊದಲು ಸಾಲ ತೀರಸ್ಬೇಕು ಅಂದ್ರಿ, ಆಮ್ಯಾಲ ಬೋರ್ ಬತ್ತ್ಯಾದ ಅಂದ್ರಿ, ಕಡೀಕ ಮುತ್ಯಾನೇ ಮಾರು ಅಂದಿದ್ದ ಅಂದ್ರಿ. ಅಪ್ಪಗ ಒಂದ್ ಮಾತ್ ಕೇಳಲಿಲ್ಲ.

ಸಿದ್ದಣ್ಣ ಕಾಕಾ: ನಿಮ್ಮಪ್ಪ ಸಹಿ ಮಾಡ್ಯಾನ, ಅವನ್ನೇ ಕೇಳು.

ಸುನೀತಾ: ಯಾವ ಕಾಗದಕ್ಕ ಅಂತ ಓದಿ ಹೇಳಿದ್ರೇನು ಅವ್ರಿಗಿ?

ರೇವಣ್ಣ: ಪಾಂಟಿಂಗ್ ಅವತ್ತು 140, ಔಟೇ ಆಗಲಿಲ್ಲ

ಮಹಾದೇವಿ ಅತ್ತಿ: ಹೊಲದ್ ಮಾತು ಇಲ್ಲಿ ಬ್ಯಾಡ, ಹುಡುಗ್ರು ನೋಡ್ಲಾಕತ್ತಾರ. ಐತ್ವಾರ ಇಬ್ರೂ ನಮ್ಮನಿಗಿ ಬರ್ರಿ. ಸಿದ್ದಣ್ಣ, ಕಾಗದ ತಗೊಂಡೇ ಬಾ.